ಡೆಸ್ಕ್‌ಟಾಪ್‌ನಲ್ಲಿ ಪರ್ಸಿಸ್ಟೆಂಟ್ ಮೆಮೊರಿ ಲೈಬ್ರರಿ: ಡಿಎಲ್‌ಎಲ್ ಹಾಕಿದರೂ ತೂಕದ ಚೀಟಿ ಉಳಿಯುತ್ತಿಲ್ಲ

ಹದಡಿ_ರಸ್ತೆ (ಪ್ರಶ್ನೆ)

ದಾವಣಗೆರೆಯಲ್ಲಿ ಮೆಕ್ಕೆಜೋಳದ ಲಾರಿಗಳು ಬರುವ ಒಂದು ವೇಬ್ರಿಡ್ಜ್‌ಗೆ ತೂಕದ ಚೀಟಿಯ ಸಾಫ್ಟ್‌ವೇರ್ ಬರೆಯುತ್ತಿದ್ದೇನೆ. ಸಿ ಪ್ಲಸ್ ಪ್ಲಸ್, 64 ಬಿಟ್. ಪ್ರತಿ ಚೀಟಿಯೂ ಒಂದು ಸಿಎಸ್‌ವಿ ಫೈಲಿನ ಕೊನೆಗೆ ಸೇರುತ್ತದೆ, ಬರೆದ ಕೂಡಲೇ ಎಫ್‌ಫ್ಲಶ್ ಕರೆಯುತ್ತೇನೆ. ಆದರೂ ಕರೆಂಟ್ ಹೋದಾಗ ಕೊನೆಯ ಒಂದೆರಡು ಚೀಟಿ ಕಾಣೆ. ಪ್ರಿಂಟಾದ ಚೀಟಿ ಲಾರಿ ಡ್ರೈವರ್ ಕೈಯಲ್ಲಿರುತ್ತದೆ, ಕಂಪ್ಯೂಟರ್‌ನಲ್ಲಿ ಆ ನಂಬರೇ ಇರುವುದಿಲ್ಲ. ಮುಂದಿನ ಲಾರಿಗೆ ಮತ್ತೆ ಅದೇ ನಂಬರ್ ಬೀಳುತ್ತದೆ.

ಪರ್ಸಿಸ್ಟೆಂಟ್ ಮೆಮೊರಿಗೆ ಬರೆದದ್ದು ಕರೆಂಟ್ ಹೋದರೂ ಉಳಿಯುತ್ತದೆ ಎಂದು ಓದಿ, ಫೈಲ್ ಬರೆಯುವ ಭಾಗವನ್ನು ಪಿಎಮ್‌ಡಿಕೆ (ಅಂಥ ಮೆಮೊರಿಗೆ ಬರೆಯುವ ಲೈಬ್ರರಿಗಳ ಗುಂಪು) ಬಳಸಿ ಬದಲಿಸಿದೆ. ಮಶೀನ್ ಹೀಗಿದೆ: ಇಂಟೆಲ್ ಐ5-8400, ಬಿ360 ಬೋರ್ಡ್, 8 ಜಿಬಿಯ ಎರಡು ಡಿಡಿಆರ್4 ರ್‍ಯಾಮ್, 1 ಟಿಬಿ ಹಾರ್ಡ್ ಡಿಸ್ಕ್, ಎಂ.2 ಸ್ಲಾಟ್‌ನಲ್ಲಿ ಇಂಟೆಲ್‌ನ 16 ಜಿಬಿ ಆಪ್ಟೇನ್ ಡಿಸ್ಕ್. ಬಯಾಸ್‌ನಲ್ಲಿ ಎಎಚ್‌ಸಿಐ. ಆಪ್ಟೇನ್ ಕ್ಯಾಶ್ ಆಗಿಲ್ಲ, 13.4 ಜಿಬಿಯ ಬೇರೆ ಡಿಸ್ಕ್ ಆಗಿ ಕಾಣುತ್ತದೆ. ವಿಂಡೋಸ್ 10 ಮತ್ತು ಉಬುಂಟು 22.04 ಎರಡೂ ಇವೆ.

ವಿಂಡೋಸ್‌ನಲ್ಲಿ ಪ್ರೋಗ್ರಾಮ್ ತೆರೆದರೆ ‘ಲಿಬ್‌ಪಿಮೆಮ್ ಡಿಎಲ್‌ಎಲ್ ಸಿಗಲಿಲ್ಲ’ ಎಂದಿತು (ಲಿಬ್‌ಪಿಮೆಮ್ ಪಿಎಮ್‌ಡಿಕೆಯ ಒಂದು ಲೈಬ್ರರಿ, ಡಿಎಲ್‌ಎಲ್ ಎಂದರೆ ಪ್ರೋಗ್ರಾಮ್ ಓಡುವಾಗ ಲೋಡ್ ಆಗುವ ಲೈಬ್ರರಿ ಫೈಲ್). ಡಿಎಲ್‌ಎಲ್ ಡೌನ್‌ಲೋಡ್ ಕೊಡುವ ಒಂದು ಸೈಟ್‌ನಿಂದ ಆ ಫೈಲ್ ತಂದು ಸಿಸ್ಟಮ್32 ಫೋಲ್ಡರಿಗೆ ಹಾಕಿದೆ. ಈಗ 0ಎಕ್ಸ್‌ಸಿ000007ಬಿ ಎಂಬ ಎರರ್. ಉಬುಂಟುವಿನಲ್ಲಿ ನಾನು ಹಾಕದೇ ಇದ್ದರೂ ಲಿಬ್‌ಪಿಮೆಮ್1 ಆಗಲೇ ಇದೆ, ಆದರೆ ಕಂಪೈಲ್ ಮಾಡಿದರೆ ‘ಎಲ್‌ಪಿಮೆಮ್ ಸಿಗಲಿಲ್ಲ’ ಎನ್ನುತ್ತದೆ.

ನನಗೆ ತಿಳಿಯಬೇಕಾದದ್ದು: ಯಾವ ಫೈಲ್ ಯಾವ ಕೆಲಸಕ್ಕೆ? ನನ್ನ ಆಪ್ಟೇನ್ ಇದಕ್ಕೆ ಬರುತ್ತದೆಯೇ? ಡೆಸ್ಕ್‌ಟಾಪ್‌ನಲ್ಲೇ ಇದನ್ನು ಪ್ರಯೋಗ ಮಾಡಿ ನೋಡುವ ದಾರಿ ಯಾವುದು?

ದುರ್ಗದ_ಟರ್ಮಿನಲ್

ಮೊದ್ಲು ಆ ಡಿಎಲ್‌ಎಲ್ ತೆಗೀರಿ. ಉಳಿದದ್ದೆಲ್ಲ ಆಮೇಲೆ.

0ಎಕ್ಸ್‌ಸಿ000007ಬಿ ಅಂದ್ರೆ ಫೈಲಿನ ಅಚ್ಚು ಹೊಂದಲಿಲ್ಲ ಅಂತ. ಬಹುಪಾಲು 64 ಬಿಟ್ ಪ್ರೋಗ್ರಾಮ್ 32 ಬಿಟ್ ಡಿಎಲ್‌ಎಲ್ ಎತ್ತಿಕೊಂಡಾಗ ಬರೋ ಎರರ್ ಇದು. ಹೆಸರು ನೋಡಿ ಜನ ತಪ್ಪೋ ಜಾಗ ಇಲ್ಲೇ ಐತೆ: 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಫೋಲ್ಡರ್ 64 ಬಿಟ್ ಫೈಲುಗಳಿಗೆ, ಸಿಸ್‌ವಾವ್64 ಫೋಲ್ಡರ್ 32 ಬಿಟ್ ಫೈಲುಗಳಿಗೆ. ವಿಂಡೋಸ್‌ಗೆ ಬಂದ ಪಿಎಮ್‌ಡಿಕೆ 64 ಬಿಟ್ ಮಾತ್ರ. ಹಂಗಾಗಿ 32 ಬಿಟ್‌ನ ಲಿಬ್‌ಪಿಮೆಮ್ ಅಂತ ಯಾರಾದ್ರೂ ಕೊಟ್ರೆ ಅದು ಅಸಲಿ ಅಲ್ಲ ಅಂತಲೇ ತಿಳ್ಕೊಳ್ರಿ. ಸಿಸ್ಟಮ್32ದಲ್ಲಿ ಇಟ್ಟ ಫೈಲನ್ನ ಆ ಹೆಸರು ಕೇಳೋ ಯಾವ ಪ್ರೋಗ್ರಾಮ್ ಆದ್ರೂ ಲೋಡ್ ಮಾಡ್ತದೆ. ಯಾರು ಕಂಪೈಲ್ ಮಾಡಿದ್ದು ಅಂತ ಗೊತ್ತಿಲ್ಲದ ಫೈಲಿಗೆ ಆ ಜಾಗ ಕೊಡಬಾರದು.

ಫೈಲ್ ಅಳಿಸಿ, ಡಿಫೆಂಡರ್‌ನ ಆಫ್‌ಲೈನ್ ಸ್ಕ್ಯಾನ್ ಒಂದು ಓಡಿಸಿ. ಆಮೇಲೆ ಅಡ್ಮಿನ್ ಆಗಿ ಕಮಾಂಡ್ ಪ್ರಾಂಪ್ಟ್ ತೆಗೆದು ಮೊದಲು ಡಿಐಎಸ್‌ಎಮ್‌ನ ರಿಸ್ಟೋರ್‌ಹೆಲ್ತ್, ಅದು ಮುಗಿದ ಮೇಲೆ ಎಸ್‌ಎಫ್‌ಸಿ ಸ್ಕ್ಯಾನ್‌ನೌ. ಈ ಕ್ರಮ ಉಲ್ಟಾ ಆಗಬಾರದು, ಯಾಕಂದ್ರೆ ಎಸ್‌ಎಫ್‌ಸಿ ಸರಿ ಪ್ರತಿ ತರೋದು ವಿಂಡೋಸ್‌ನ ಕಾಂಪೊನೆಂಟ್ ಸ್ಟೋರ್‌ನಿಂದ, ಆ ಸ್ಟೋರನ್ನ ರಿಪೇರಿ ಮಾಡೋದು ಡಿಐಎಸ್‌ಎಮ್. ಇನ್ನೊಂದು ಮಾತು, ಎಸ್‌ಎಫ್‌ಸಿ ನೋಡೋದು ವಿಂಡೋಸ್‌ನ ಸ್ವಂತ ಫೈಲುಗಳನ್ನ. ನೀವು ಹೊರಗಿಂದ ತಂದು ಹಾಕಿದ್ದನ್ನ ಅದು ತೆಗೆಯಂಗಿಲ್ಲ, ಕೈಯಾರೆ ಅಳಿಸಬೇಕು.

ಡಿಎಲ್‌ಎಲ್ ಬೇಕೇಬೇಕು ಅಂದ್ರೆ ವಿಸಿಪಿಕೆಜಿ (ಸಿ ಪ್ಲಸ್ ಪ್ಲಸ್ ಲೈಬ್ರರಿಗಳನ್ನ ತಂದು ಕಂಪೈಲ್ ಮಾಡೋ ಸಾಧನ) ಮೂಲಕ ಪಿಎಮ್‌ಡಿಕೆಯನ್ನ ಎಕ್ಸ್64-ವಿಂಡೋಸ್ ಟ್ರಿಪ್ಲೆಟ್‌ಗೆ, ಅಂದ್ರೆ 64 ಬಿಟ್ ವಿಂಡೋಸ್‌ಗೆ, ನೀವೇ ಕಂಪೈಲ್ ಮಾಡಿಕೊಳ್ರಿ. ಬಂದ ಡಿಎಲ್‌ಎಲ್ ನಿಮ್ಮ ಇಎಕ್ಸ್‌ಇ ಇರೋ ಫೋಲ್ಡರಿನಲ್ಲೇ ಇರಲಿ, ವಿಂಡೋಸ್ ಮೊದಲು ಹುಡುಕೋದು ಅಲ್ಲೇ. ಪಿಎಮ್‌ಡಿಕೆಯ ಇನ್ನೊಂದು ಲೈಬ್ರರಿ ಲಿಬ್‌ಪಿಮೆಮ್‌ಒಬಿಜೆ ಬಳಸಿದ್ರೆ ಎರಡೂ ಡಿಎಲ್‌ಎಲ್ ಬೇಕು, ಅದು ಒಳಗೆ ಲಿಬ್‌ಪಿಮೆಮ್ ಅನ್ನೇ ಕರೀತದೆ. ವಿಸಿರನ್‌ಟೈಮ್140 ಇಲ್ಲ ಅಂದ್ರೆ ಮೈಕ್ರೋಸಾಫ್ಟ್‌ನ ವಿಷುಯಲ್ ಸಿ ಪ್ಲಸ್ ಪ್ಲಸ್ ರಿಡಿಸ್ಟ್ರಿಬ್ಯೂಟಬಲ್ ಹಾಕ್ರಿ, ಅದರ ಡಿಎಲ್‌ಎಲ್ ಬಿಡಿಯಾಗಿ ತರಬೇಡ್ರಿ.

ಈಗ ಯಾವ ಫೈಲ್ ಯಾತಕ್ಕೆ ಅಂತ. ವಿಂಡೋಸ್‌ನ ಡ್ರೈವರ್ಸ್ ಫೋಲ್ಡರಿನಲ್ಲಿ ಎಸ್‌ಸಿಎಮ್‌ಬಸ್ ಡಾಟ್ ಸಿಸ್, ಪಿಮೆಮ್ ಡಾಟ್ ಸಿಸ್ ಕಾಣಬಹುದು. ಮೊದಲನೆಯದು ಪರ್ಸಿಸ್ಟೆಂಟ್ ಮೆಮೊರಿಯ ಬಸ್ ಡ್ರೈವರ್, ಎರಡನೆಯದು ಆ ಮೆಮೊರಿಯನ್ನ ಡಿಸ್ಕ್ ಆಗಿ ತೋರಿಸೋ ಡ್ರೈವರ್. ಫೈಲ್ ಐತೆ ಅಂದ ಮಾತ್ರಕ್ಕೆ ಹಾರ್ಡ್‌ವೇರ್ ಐತೆ ಅಂತಲ್ಲ. ಬೋರ್ಡಿನ ಬಯಾಸ್ ಎಸಿಪಿಐನಲ್ಲಿ (ಹಾರ್ಡ್‌ವೇರ್ ವಿವರವನ್ನ ಆಪರೇಟಿಂಗ್ ಸಿಸ್ಟಮ್‌ಗೆ ಹೇಳೋ ಪದ್ಧತಿ) ಎನ್‌ಎಫ್‌ಐಟಿ ಅನ್ನೋ ಟೇಬಲ್ ಕೊಟ್ರೆ ಮಾತ್ರ ಇವಕ್ಕೆ ಕೆಲಸ. 2015ರ ಎಸಿಪಿಐ 6.0ದಲ್ಲಿ ಸೇರಿದ ಟೇಬಲ್ ಅದು, ಇಂಥ ವಿಳಾಸದಿಂದ ಇಂಥ ವಿಳಾಸದವರೆಗೆ ಇರೋದು ಅಳಿಯದ ಮೆಮೊರಿ ಅಂತ ಆಪರೇಟಿಂಗ್ ಸಿಸ್ಟಮ್‌ಗೆ ಹೇಳ್ತದೆ. ಪವರ್‌ಶೆಲ್‌ನಲ್ಲಿ ಗೆಟ್-ಪಿಮೆಮ್‌ಫಿಸಿಕಲ್‌ಡಿವೈಸ್ ಓಡಿಸಿ ನೋಡ್ರಿ, ಬಿ360 ಬೋರ್ಡಿನಲ್ಲಿ ಒಂದು ಸಾಲೂ ಬರಂಗಿಲ್ಲ.

ಕ್ಯಾಶ್ ಲೈನ್ (ಸಿಪಿಯು ಕ್ಯಾಶ್‌ನ ಒಂದು ತುಂಡು) ಫ್ಲಶ್ ಮಾಡೋ, ಅಂದ್ರೆ ಮೆಮೊರಿಗೆ ಇಳಿಸೋ ಕೆಲಸಕ್ಕೆ ವಿಂಡೋಸ್‌ನಲ್ಲೇ ಕರೆಗಳಿವೆ: ಆರ್‌ಟಿಎಲ್‌ಗೆಟ್‌ನಾನ್‌ವೊಲಟೈಲ್‌ಟೋಕನ್, ಆರ್‌ಟಿಎಲ್‌ಫ್ಲಶ್‌ನಾನ್‌ವೊಲಟೈಲ್‌ಮೆಮೊರಿ, ಆರ್‌ಟಿಎಲ್‌ಡ್ರೇನ್‌ನಾನ್‌ವೊಲಟೈಲ್‌ಫ್ಲಶ್. ಇವು ಎನ್‌ಟಿಡಿಎಲ್‌ಎಲ್ ಒಳಗೇ ಇರೋದರಿಂದ ಬೇರೆ ಡಿಎಲ್‌ಎಲ್ ತರೋ ಮಾತೇ ಇಲ್ಲ. ಆದ್ರೆ ಅವಕ್ಕೂ ಕೆಳಗೆ ಡ್ಯಾಕ್ಸ್ (ಸಿಸ್ಟಮ್‌ನ ಬಫರ್ ನಡುವೆ ಇಲ್ಲದೆ ಪ್ರೋಗ್ರಾಮ್ ನೇರ ಆ ಮೆಮೊರಿಯನ್ನೇ ಮುಟ್ಟೋ ರೀತಿ) ಆಗಿ ಫಾರ್ಮ್ಯಾಟ್ ಆದ ಎನ್‌ಟಿಎಫ್‌ಎಸ್ ವಾಲ್ಯೂಮ್ ಬೇಕು, ಆ ವಾಲ್ಯೂಮ್‌ಗೆ ಪಿಮೆಮ್ ಡಿಸ್ಕ್ ಬೇಕು, ಆ ಡಿಸ್ಕ್‌ಗೆ ನಾನು ಮೇಲೆ ಹೇಳಿದ ಟೇಬಲ್ ಬೇಕು.

ಆಪ್ಟೇನ್ ಅನ್ನೋ ಹೆಸರಿನಲ್ಲಿ ಎರಡು ಬೇರೆ ವಸ್ತುಗಳಿವೆ. ನಿಮ್ಮ ಹತ್ರ ಇರೋದು ಎಂ.2 ಸ್ಲಾಟಿನ ಎನ್‌ವಿಎಂಇ ಡಿಸ್ಕ್. ಒಳಗಿನ ಚಿಪ್ ಅಳಿಯದ 3ಡಿ ಕ್ರಾಸ್‌ಪಾಯಿಂಟ್ ಖರೆ, ಆದ್ರೆ ಅದು ಪಿಸಿಐಇ ಆಚೆ ಐತೆ, ಬ್ಲಾಕ್ ಲೆಕ್ಕದಲ್ಲಿ ಓದಿ ಬರೀಬೇಕು. ಸಿಪಿಯು ಒಂದು ಸ್ಟೋರ್ ಇನ್‌ಸ್ಟ್ರಕ್ಷನ್‌ನಿಂದ ಅದರ ಮೇಲೆ ಎಂಟು ಬೈಟ್ ಬರೆಯೋಕೆ ಬರಂಗಿಲ್ಲ. ಲಿಬ್‌ಪಿಮೆಮ್ ಇರೋದೇ ಆ ಎಂಟು ಬೈಟ್ ಬರೆಯೋ ಜನಕ್ಕೆ.

ಹರಿಹರ_64ಬಿಟ್

ಲಿನಕ್ಸ್ ಭಾಗ ನನ್ನದು. ಟೈಪ್ ಮಾಡುವಾಗ ಎಲ್ಲ ಇಂಗ್ಲಿಷ್ ಸಣ್ಣಕ್ಷರ. ಅಳತೆಯ ಮುಂದಿನ ಜಿ, ಮತ್ತೆ ಗ್ರಬ್_ಸಿಎಮ್‌ಡಿಲೈನ್_ಲಿನಕ್ಸ್ ಎಂಬ ಹೆಸರು, ಇವೆರಡು ಮಾತ್ರ ದೊಡ್ಡಕ್ಷರ.

ನೀವು ಹಾಕದೆ ಲಿಬ್‌ಪಿಮೆಮ್1 ಹೇಗೆ ಬಂತು ಎಂದರೆ, ಹೆಚ್ಚಾಗಿ ವರ್ಚುವಲ್ ಮಶೀನ್ ಓಡಿಸುವ ಕ್ಯೂಎಮು ಜೊತೆ. ವರ್ಚುವಲ್ ಮಶೀನ್‌ಗೆ ಎನ್‌ವಿಡಿಮ್ (ಮೆಮೊರಿ ಸ್ಲಾಟಿನಲ್ಲಿ ಕೂರುವ ಪರ್ಸಿಸ್ಟೆಂಟ್ ಮೆಮೊರಿ) ತೋರಿಸುವ ಸೌಲಭ್ಯ ಕ್ಯೂಎಮುವಿನಲ್ಲಿದೆ, ಅದಕ್ಕಾಗಿ ಅದು ಈ ಲೈಬ್ರರಿಯನ್ನು ಅವಲಂಬಿಸಿದೆ. ‘ಆಪ್ಟ್ ಆರ್‌ಡಿಪೆಂಡ್ಸ್’ಗೆ ‘ಇನ್‌ಸ್ಟಾಲ್ಡ್’ ಎಂಬ ಆಯ್ಕೆ ಸೇರಿಸಿ ಲಿಬ್‌ಪಿಮೆಮ್1 ಎಂದು ಕೇಳಿದರೆ ಯಾರು ಎಳೆದು ತಂದರು ಎಂದು ತೋರಿಸುತ್ತದೆ. ಅದನ್ನು ತೆಗೆಯಲು ಹೋಗಬೇಡಿ, ಕ್ಯೂಎಮು ಕೂಡ ಹೋಗುತ್ತದೆ. ಲಿಬ್‌ಎನ್‌ಡಿಸಿಟಿಎಲ್, ಲಿಬ್‌ಡ್ಯಾಕ್ಸ್‌ಸಿಟಿಎಲ್ ಕಂಡರೂ ಗಾಬರಿ ಬೇಡ. ಅವು ಕರ್ನಲ್‌ನ ಎನ್‌ವಿಡಿಮ್ ಭಾಗದ ಜೊತೆ ಮಾತಾಡುವ ಲೈಬ್ರರಿಗಳು, ಸುಮ್ಮನೆ ಡಿಸ್ಕ್‌ನಲ್ಲಿ ಕೂತಿರುತ್ತವೆ.

ಕಂಪೈಲ್ ಆಗದಿರುವ ಕಾರಣ ಸರಳ. ಲಿಬ್‌ಪಿಮೆಮ್1 ಪ್ಯಾಕೇಜಿನಲ್ಲಿ ಇರುವುದು ಓಡಿಸಲು ಬೇಕಾದ ‘ಎಸ್‌ಒ.1’ ಫೈಲ್ ಮಾತ್ರ. ಹೆಡರ್ ಫೈಲು, ಮತ್ತೆ ಲಿಂಕರ್ ಹುಡುಕುವ ನಂಬರಿಲ್ಲದ ‘ಎಸ್‌ಒ’ ಹೆಸರು, ಇವೆರಡೂ ಲಿಬ್‌ಪಿಮೆಮ್-ಡೆವ್ ಪ್ಯಾಕೇಜಿನಲ್ಲಿವೆ. ಅದನ್ನು ಆಪ್ಟ್‌ನಿಂದ ಹಾಕಿ. ಎಲ್‌ಎನ್ ಕಮಾಂಡ್‌ನಿಂದ ಆ ಹೆಸರನ್ನು ಕೈಯಾರೆ ಮಾಡಬೇಡಿ. ಇವತ್ತು ಕಂಪೈಲ್ ಆಗುತ್ತದೆ, ನಾಳೆ ಅಪ್‌ಡೇಟ್ ಬಂದಾಗ ಹಳೆಯ ಹೆಡರು, ಹೊಸ ಲೈಬ್ರರಿ ಎಂದಾಗಿ ಎಲ್ಲೋ ಮುರಿಯುತ್ತದೆ.

ಪ್ರಯೋಗಕ್ಕೆ ಹಾರ್ಡ್‌ವೇರ್ ಬೇಕಿಲ್ಲ. ಇರುವ ರ್‍ಯಾಮ್‌ನ ಒಂದು ತುಂಡನ್ನೇ ಪರ್ಸಿಸ್ಟೆಂಟ್ ಮೆಮೊರಿ ಎಂದು ಕರ್ನಲ್‌ಗೆ ಹೇಳಬಹುದು. ಮೊದಲು ಕರ್ನಲ್‌ನ ಸಂದೇಶ ತೋರಿಸುವ ಡಿಮೆಸೆಜ್‌ನಲ್ಲಿ ‘ಬಯಾಸ್-ಇ820’ ಎಂಬ ಸಾಲುಗಳನ್ನು ನೋಡಿ. ಯಾವ ವಿಳಾಸದಿಂದ ಎಲ್ಲಿಯವರೆಗೆ ‘ಯೂಸಬಲ್’ ಎಂದು ಅಲ್ಲಿರುತ್ತದೆ. 16 ಜಿಬಿ ಮಶೀನಿನಲ್ಲಿ 4 ಜಿಬಿಯಿಂದ ಮೇಲೆ ಒಂದು ದೊಡ್ಡ ತುಂಡು ಸಿಗುತ್ತದೆ, ನಮ್ಮ ಜಾಗ ಅದರೊಳಗೇ ಬೀಳಬೇಕು. 4 ಜಿಬಿಗಿಂತ ಕೆಳಗೆ ಗ್ರಾಫಿಕ್ಸ್, ಪಿಸಿಐ ಸಾಧನಗಳಿಗೆ ಮೀಸಲಾದ ಜಾಗಗಳಿವೆ, ಅಲ್ಲಿ ಕೈ ಹಾಕಿದರೆ ಮಶೀನ್ ಬೂಟ್ ಆಗದೇ ಇರಬಹುದು.

ಬೂಟ್ ಆಯ್ಕೆಗಳಿರುವ ಇಟಿಸಿ ಡೀಫಾಲ್ಟ್ ಗ್ರಬ್ ಫೈಲಿನಲ್ಲಿ ಗ್ರಬ್_ಸಿಎಮ್‌ಡಿಲೈನ್_ಲಿನಕ್ಸ್ ಸಾಲಿಗೆ ಮೆಮ್‌ಮ್ಯಾಪ್=4ಜಿ!8ಜಿ ಎಂದು ಸೇರಿಸಿ. ಮೊದಲ ಅಂಕಿ ಅಳತೆ, ಎರಡನೆಯದು ಶುರುವಾಗುವ ವಿಳಾಸ: 8 ಜಿಬಿಯಿಂದ ಶುರುವಾಗಿ 4 ಜಿಬಿ. ಅಪ್‌ಡೇಟ್-ಗ್ರಬ್, ರೀಬೂಟ್. ಬಂದ ಮೇಲೆ ಡಿಮೆಸೆಜ್‌ನಲ್ಲಿ ‘ಪರ್ಸಿಸ್ಟೆಂಟ್ (ಟೈಪ್ 12)’ ಎಂಬ ಸಾಲು ಇರಬೇಕು, ಡಿಸ್ಕ್ ಪಟ್ಟಿ ತೋರಿಸುವ ಎಲ್‌ಎಸ್‌ಬಿಎಲ್‌ಕೆಯಲ್ಲಿ ಪಿಮೆಮ್0 ಕಾಣಬೇಕು, ಫ್ರೀ ಕಮಾಂಡ್‌ನಲ್ಲಿ 4 ಜಿಬಿ ಕಡಿಮೆಯಾಗಿರಬೇಕು. ಈ ಮೂರರಲ್ಲಿ ಒಂದು ಇಲ್ಲದಿದ್ದರೂ ಮುಂದೆ ಹೋಗಬೇಡಿ.

ಆಮೇಲೆ ಪಿಮೆಮ್0 ಮೇಲೆ ಇಎಕ್ಸ್‌ಟಿ4 ಫಾರ್ಮ್ಯಾಟ್. ಇಲ್ಲಿ ಬ್ಲಾಕ್ ಅಳತೆ 4096 ಎಂದು ನೀವೇ ಹೇಳಿ. ಡ್ಯಾಕ್ಸ್ ಬೇಕೆಂದರೆ ಫೈಲ್ ಸಿಸ್ಟಮ್‌ನ ಬ್ಲಾಕ್ ಮತ್ತು ಸಿಪಿಯುವಿನ ಪೇಜ್ ಒಂದೇ ಅಳತೆಯಾಗಿರಬೇಕು, ಎಕ್ಸ್86ನಲ್ಲಿ ಅದು 4096 ಬೈಟ್. 512 ಎಂಬಿಗಿಂತ ಚಿಕ್ಕ ಜಾಗ ಕೊಟ್ಟರೆ ಫಾರ್ಮ್ಯಾಟ್ ಮಾಡುವ ಸಾಧನ ತಾನಾಗಿ 1024ರ ಬ್ಲಾಕ್ ಆರಿಸುತ್ತದೆ, ಮೌಂಟ್ ಆಗುವುದಿಲ್ಲ. 256 ಎಂಬಿ ಸಾಕು ಎಂದುಕೊಂಡು ಶುರು ಮಾಡಿದವರು ಎಡವುವುದು ಇಲ್ಲೇ. ಎಕ್ಸ್‌ಎಫ್‌ಎಸ್ ಇಷ್ಟವಿದ್ದರೆ ನಿಮ್ಮ ಕರ್ನಲ್‌ನಲ್ಲಿ ಫಾರ್ಮ್ಯಾಟ್ ಮಾಡುವಾಗ ರಿಫ್ಲಿಂಕ್ ಅನ್ನು 0 ಮಾಡಿ, ಅದೂ ಡ್ಯಾಕ್ಸೂ ಜೊತೆಗೆ ನಡೆಯುವುದಿಲ್ಲ.

ಮೌಂಟ್ ಮಾಡುವಾಗ ಓ ಆಯ್ಕೆಗೆ ಡ್ಯಾಕ್ಸ್ ಎಂದು ಕೊಡಿ. ನಿಜಕ್ಕೂ ಡ್ಯಾಕ್ಸ್ ಆಗಿದೆಯೇ ಎಂದು ಮೌಂಟ್ ಪಟ್ಟಿಯಲ್ಲಿ ಆ ಪದವನ್ನು ಹುಡುಕಿ ಖಾತ್ರಿ ಮಾಡಿಕೊಳ್ಳಿ. ಅದು ಕಾಣದಿದ್ದರೆ ನೀವು ಬರೆಯುತ್ತಿರುವುದು ಮಾಮೂಲಿ ಪೇಜ್ ಕ್ಯಾಶ್‌ಗೆ, ಅಂದರೆ ಸಿಸ್ಟಮ್‌ನ ಬಫರ್‌ಗೆ.

ಇದು ರ್‍ಯಾಮೇ, ಕರೆಂಟ್ ಹೋದರೆ ಬಿಳಿ ಹಾಳೆ. ಬರೀ ರೀಸ್ಟಾರ್ಟ್ ಮಾಡಿದಾಗ ಉಳಿಯಬಹುದು, ಕೆಲವು ಬಯಾಸ್ ಬೂಟ್ ಆಗುವಾಗ ರ್‍ಯಾಮ್ ಅಳಿಸುತ್ತವೆ. ವೇಬ್ರಿಡ್ಜ್‌ನ ಒಂದೇ ಒಂದು ನಿಜವಾದ ಚೀಟಿಯನ್ನೂ ಇದರಲ್ಲಿ ಇಡಬೇಡಿ.

ಕೋಟೆ_ಕರ್ನಲ್

ಮೇಲಿನ ಉತ್ತರಕ್ಕೆ ಒಂದು ಎಚ್ಚರಿಕೆ ಸೇರಿಸುತ್ತೇನೆ. ಮೆಮ್‌ಮ್ಯಾಪ್‌ನಲ್ಲಿ ನಡುವಿನ ಗುರುತು ಆಶ್ಚರ್ಯಸೂಚಕವೇ ಆಗಿರಬೇಕು. ಡಾಲರ್ ಗುರುತು ಹಾಕಿದರೆ ಕರ್ನಲ್ ಆ ಜಾಗವನ್ನು ಬರೀ ಮೀಸಲಿಡುತ್ತದೆ: ರ್‍ಯಾಮ್ ಕಡಿಮೆಯಾಗುತ್ತದೆ, ಪಿಮೆಮ್0 ಹುಟ್ಟುವುದಿಲ್ಲ. ಸಾಲದ್ದಕ್ಕೆ ಗ್ರಬ್ ಡಾಲರನ್ನು ವೇರಿಯಬಲ್ ಎಂದು ಓದಿ ಅಂಕಿಯನ್ನೇ ನುಂಗಿಬಿಡುತ್ತದೆ.

ಈಗ ಕೋಡ್‌ನ ವಿಷಯ. ಹದಡಿ_ರಸ್ತೆ ಅವರೇ, ನಿಮ್ಮ ಪ್ರೋಗ್ರಾಮ್‌ನಲ್ಲಿ ಫೈಲನ್ನು ಮೆಮೊರಿಯಂತೆ ತೆರೆಯುವ ಪಿಮೆಮ್_ಮ್ಯಾಪ್_ಫೈಲ್ ಕರೆದ ಮೇಲೆ ಅದು ಹಿಂತಿರುಗಿಸುವ ಈಸ್_ಪಿಮೆಮ್ ಬೆಲೆಯನ್ನು ನೋಡುತ್ತಿದ್ದೀರಾ? ಈ ಲೈಬ್ರರಿಯಲ್ಲಿ ಅತಿ ದೊಡ್ಡ ತಪ್ಪು ಆಗುವುದು ಈ ಒಂದು ಸಾಲು ಬಿಟ್ಟಾಗ. ಮಾಮೂಲಿ ಹಾರ್ಡ್ ಡಿಸ್ಕ್ ಫೈಲನ್ನೂ ಪಿಮೆಮ್_ಮ್ಯಾಪ್_ಫೈಲ್ ತಕರಾರಿಲ್ಲದೆ ತೆರೆಯುತ್ತದೆ. ಆಗ ಈಸ್_ಪಿಮೆಮ್ 0 ಬರುತ್ತದೆ, ನೀವು ಡಿಸ್ಕ್‌ಗೆ ಬರೆಸುವ ಪಿಮೆಮ್_ಎಮ್‌ಸಿಂಕ್ ಕರೆಯಬೇಕು. ಅದನ್ನು ನೋಡದೆ ಪಿಮೆಮ್_ಪರ್ಸಿಸ್ಟ್ ಕರೆದರೆ ಸಿಪಿಯು ಕ್ಯಾಶ್‌ನಿಂದ ರ್‍ಯಾಮ್‌ಗೆ ಡೇಟಾ ಇಳಿಯುತ್ತದೆ, ಅಲ್ಲಿಗೆ ಮುಗಿಯಿತು. ಡಿಸ್ಕ್‌ಗೆ ಹೋಗುವುದಿಲ್ಲ. ಎರರ್ ಇಲ್ಲ, ಪ್ರೋಗ್ರಾಮ್ ಮೊದಲಿಗಿಂತ ವೇಗವಾಗಿ ಓಡುತ್ತದೆ, ಕರೆಂಟ್ ಹೋದ ದಿನ ಚೀಟಿ ಇಲ್ಲ. ಪಿಮೆಮ್_ಈಸ್_ಪಿಮೆಮ್_ಫೋರ್ಸ್=1 ಎಂಬ ಎನ್ವಿರಾನ್‌ಮೆಂಟ್ ವೇರಿಯಬಲ್ ಇಟ್ಟರೂ ಇದೇ ಗತಿ. ಅದು ಪರೀಕ್ಷೆಗೆಂದೇ ಇರುವುದು, ಗಿರಾಕಿಯ ಮಶೀನಿನಲ್ಲಿ ಇರಬಾರದು.

ಎರಡನೆಯದು ಬರೆಯುವ ಕ್ರಮ. ಒಂದು ಚೀಟಿಯನ್ನು 64 ಬೈಟ್‌ಗೆ ಕೂರಿಸಿ ನೋಡಿ: ಚೀಟಿ ನಂಬರ್ 8 ಬೈಟ್, ಸಮಯ 8, ಲಾರಿ ನಂಬರ್ 16, ಒಟ್ಟು ತೂಕ 4, ಖಾಲಿ ತೂಕ 4, ಮಾಲಿನ ಹೆಸರು 16, ಕೊನೆಯ 8 ಬೈಟ್ ‘ಈ ಚೀಟಿ ಪೂರ್ತಿಯಾಗಿದೆ’ ಎಂಬ ಗುರುತು. 64 ಬೈಟ್ ಎಂದರೆ ಒಂದು ಕ್ಯಾಶ್ ಲೈನ್. ಒಟ್ಟು ತೂಕ 24,860 ಕೆಜಿ, ಖಾಲಿ ಲಾರಿ 8,940 ಕೆಜಿ, ನಿವ್ವಳ 15,920 ಕೆಜಿ ಎಂದಿಟ್ಟುಕೊಳ್ಳಿ. ಒಟ್ಟು ತೂಕ ಬರೆದು, ಖಾಲಿ ತೂಕ ಬರೆಯುವ ಮೊದಲು ಕರೆಂಟ್ ಹೋದರೆ ಆ ಜಾಗದಲ್ಲಿ ಸೊನ್ನೆ ಇರುತ್ತದೆ. ಮರುದಿನ ಪ್ರೋಗ್ರಾಮ್ ಅದನ್ನು ನಿಜವೆಂದು ಓದಿದರೆ ಲಾರಿಯ ಕಬ್ಬಿಣವೂ ಮೆಕ್ಕೆಜೋಳದ ಲೆಕ್ಕಕ್ಕೆ ಸೇರುತ್ತದೆ.

ಅದಕ್ಕೇ ಮೊದಲು ಗುರುತು ಬಿಟ್ಟು ಉಳಿದ 56 ಬೈಟ್ ಬರೆದು ಪಿಮೆಮ್_ಪರ್ಸಿಸ್ಟ್. ಅದು ವಾಪಸ್ ಬಂದ ಮೇಲೆ ಗುರುತಿನ 8 ಬೈಟ್ ಒಂದೇ ಸ್ಟೋರ್‌ನಲ್ಲಿ ಬರೆದು ಮತ್ತೆ ಪಿಮೆಮ್_ಪರ್ಸಿಸ್ಟ್. 8ರ ಗಡಿಗೆ ಹೊಂದಿಕೊಂಡ 8 ಬೈಟ್ ಸ್ಟೋರ್ ಅರ್ಧ ಆಗುವುದಿಲ್ಲ, ಪೂರ್ತಿ ಇರುತ್ತದೆ ಅಥವಾ ಇರುವುದೇ ಇಲ್ಲ. ಅದಕ್ಕಿಂತ ದೊಡ್ಡದಕ್ಕೆ ಈ ಭರವಸೆ ಇಲ್ಲ. ಎರಡನ್ನೂ ಬರೆದು ಕೊನೆಗೆ ಒಂದೇ ಸಲ ಫ್ಲಶ್ ಮಾಡಿದರೆ ಸಾಲದೇ ಎಂದು ಕೇಳಬಹುದು. ಸಾಲದು. ಕಂಪೈಲರ್ ಸ್ಟೋರ್‌ಗಳನ್ನು ಹಿಂದುಮುಂದು ಮಾಡಬಹುದು. ಚೀಟಿ ಎರಡು ಕ್ಯಾಶ್ ಲೈನ್‌ಗೆ ಹರಡಿದ್ದರೆ ಸಿಪಿಯು ಯಾವ ಲೈನನ್ನು ಮೊದಲು ಹೊರಗೆ ತಳ್ಳುತ್ತದೆ ಎಂಬುದು ನಿಮ್ಮ ಕೈಯಲ್ಲಿಲ್ಲ, ಗುರುತು ಡೇಟಾಗಿಂತ ಮೊದಲೇ ಮೆಮೊರಿ ಸೇರಬಹುದು.

ಪಿಮೆಮ್_ಪರ್ಸಿಸ್ಟ್ ಎಂದರೆ ಪಿಮೆಮ್_ಫ್ಲಶ್ ಜೊತೆಗೆ ಪಿಮೆಮ್_ಡ್ರೇನ್ (ಫ್ಲಶ್ ಮುಗಿಯುವವರೆಗೆ ಕಾಯುವುದು). ಫ್ಲಶ್‌ಗೆ ಯಾವ ಇನ್‌ಸ್ಟ್ರಕ್ಷನ್ ಎಂಬುದನ್ನು ಲೈಬ್ರರಿ ಸಿಪಿಯು ನೋಡಿ ಆರಿಸುತ್ತದೆ. ನಿಮ್ಮ ಐ5-8400ನಲ್ಲಿ ಸಿಎಲ್‌ಡಬ್ಲ್ಯೂಬಿ ಇಲ್ಲ, ಸಿಎಲ್‌ಫ್ಲಶ್‌ಆಪ್ಟ್ ಇದೆ, ಅದನ್ನು ಬಳಸುತ್ತದೆ. ಫಲ ಒಂದೇ, ಆದರೆ ಸಿಎಲ್‌ಫ್ಲಶ್‌ಆಪ್ಟ್ ಆದ ಮೇಲೆ ಆ ಲೈನ್ ಕ್ಯಾಶ್‌ನಿಂದ ಹೊರಗೆ ಹೋಗಿರುತ್ತದೆ, ಮತ್ತೆ ಓದಲು ಮೆಮೊರಿಯಿಂದ ತರಬೇಕು. ಈ ಡೆಸ್ಕ್‌ಟಾಪ್‌ನಲ್ಲಿ ಅಳೆದ ವೇಗವನ್ನು ಸರ್ವರ್‌ನ ವೇಗ ಎಂದು ಯಾರಿಗೂ ಹೇಳಬೇಡಿ.

ತಪ್ಪು ಹಿಡಿಯಲು ಪಿಮೆಮ್‌ಚೆಕ್ ಬಳಸಿ. ಯಾವ ಸ್ಟೋರ್‌ಗೆ ಫ್ಲಶ್ ಆಗಿಲ್ಲ ಎಂದು ಸಾಲು ನಂಬರಿನ ಸಮೇತ ತೋರಿಸುತ್ತದೆ. ಉಬುಂಟುವಿನ ಮಾಮೂಲಿ ವ್ಯಾಲ್‌ಗ್ರಿಂಡ್‌ನಲ್ಲಿ (ಮೆಮೊರಿ ತಪ್ಪು ಹಿಡಿಯುವ ಸಾಧನ) ಅದಿಲ್ಲ, ಪಿಎಮ್‌ಡಿಕೆ ತಂಡ ಬೇರೆಯಾಗಿ ಇಟ್ಟುಕೊಂಡ ವ್ಯಾಲ್‌ಗ್ರಿಂಡ್‌ನ ಪ್ರತಿಯನ್ನು ಕಂಪೈಲ್ ಮಾಡಬೇಕು. ಅರ್ಧ ಗಂಟೆ ಹೋದರೂ ಮಾಡಿ. ಕಣ್ಣಲ್ಲಿ ಕೋಡ್ ಓದಿ ಇಂಥ ತಪ್ಪು ಹಿಡಿಯುವುದು ಬಹಳ ಕಷ್ಟ.

ಹದಡಿ_ರಸ್ತೆ

ಎಲ್ಲರಿಗೂ ನಮಸ್ಕಾರ. ಡಿಎಲ್‌ಎಲ್ ಅಳಿಸಿದೆ, ವಿಸಿಪಿಕೆಜಿಯಿಂದ ಮಾಡಿದ್ದು ಇಎಕ್ಸ್‌ಇ ಪಕ್ಕದಲ್ಲಿದೆ, 0ಎಕ್ಸ್‌ಸಿ000007ಬಿ ಹೋಯಿತು. ಈಸ್_ಪಿಮೆಮ್ ಪ್ರಿಂಟ್ ಮಾಡಿ ನೋಡಿದರೆ ಹಾರ್ಡ್ ಡಿಸ್ಕ್‌ನಲ್ಲೂ ಆಪ್ಟೇನ್‌ನಲ್ಲೂ 0. ಲಿನಕ್ಸ್‌ನ ಪಿಮೆಮ್0 ಮೇಲೆ 1 ಬಂತು. ಕೋಟೆ_ಕರ್ನಲ್ ಹೇಳಿದ ತಪ್ಪು ನನ್ನ ಕೋಡ್‌ನಲ್ಲಿ ಇತ್ತು.

ಎರಡು ಪ್ರಶ್ನೆ ಉಳಿದಿವೆ. ರ್‍ಯಾಮ್ ಸ್ಲಾಟ್‌ಗೆ ಹಾಕುವ 128 ಜಿಬಿ ಆಪ್ಟೇನ್ ಸೆಕೆಂಡ್ ಹ್ಯಾಂಡ್ ಸಿಗುತ್ತಿದೆ, ಈ ಬೋರ್ಡಿಗೆ ತರಬಹುದೇ? ಬಾರದು ಎಂದಾದರೆ ಚೀಟಿ ಉಳಿಸಿಕೊಳ್ಳುವ ದಾರಿ ಏನು?

ದುರ್ಗದ_ಟರ್ಮಿನಲ್

ತರಬೇಡ್ರಿ. 288 ಪಿನ್ ಇರೋದರಿಂದ ಡಿಡಿಆರ್4 ಸ್ಲಾಟಿನಲ್ಲಿ ಕೂರೋ ಹಂಗೆ ಕಾಣ್ತದೆ, ಆದ್ರೆ ಅದು ಮಾತಾಡೋದು ಡಿಡಿಆರ್-ಟಿ ಅನ್ನೋ ಬೇರೆ ಭಾಷೆ. ಐ5ರ ಮೆಮೊರಿ ಕಂಟ್ರೋಲರ್‌ಗೆ ಅದು ಬರಂಗಿಲ್ಲ. 2019ರಲ್ಲಿ ಬಂದ ಎರಡನೇ ತಲೆಮಾರಿನ ಸ್ಕೇಲಬಲ್ ಝಿಯಾನ್, ಎಲ್‌ಜಿಎ 3647 ಬೋರ್ಡ್, ಅದನ್ನ ಒಪ್ಪೋ ಬಯಾಸ್, ಜೊತೆಗೆ ಅದೇ ಚಾನೆಲ್‌ಗಳಲ್ಲಿ ಮಾಮೂಲಿ ಡಿಡಿಆರ್4, ಇಷ್ಟೂ ಬೇಕು. ಇಂಟೆಲ್ 2022ರಲ್ಲಿ ಆಪ್ಟೇನ್ ವ್ಯವಹಾರವನ್ನೇ ನಿಲ್ಲಿಸಿತು, ಅಗ್ಗಕ್ಕೆ ಸಿಗ್ತಿರೋದು ಅದಕ್ಕೇ.

ಅಂಥ ಝಿಯಾನ್ ವರ್ಕ್‌ಸ್ಟೇಷನ್ ಇದ್ದವರಿಗೂ ಒಂದು ಮಾತು: ಅದರಲ್ಲಿ ಎರಡು ಮೋಡ್ ಇವೆ. ಮೆಮೊರಿ ಮೋಡ್‌ನಲ್ಲಿ ಅದು ಬರೀ ದೊಡ್ಡ ರ್‍ಯಾಮ್, ಕರೆಂಟ್ ಹೋದರೆ ಡೇಟಾ ಸಿಗಂಗಿಲ್ಲ. ಉಳೀಬೇಕು ಅಂದ್ರೆ ಐಪಿಎಮ್‌ಸಿಟಿಎಲ್ ಅನ್ನೋ ಇಂಟೆಲ್ ಸಾಧನದಿಂದ ಆ್ಯಪ್ ಡೈರೆಕ್ಟ್ ಮೋಡ್ ಗೋಲ್ ಮಾಡಿ ರೀಬೂಟ್ ಮಾಡಬೇಕು. ಡಿರ್‍ಯಾಮ್ ಜೊತೆ ಫ್ಲ್ಯಾಶ್ ಇರೋ ಎನ್‌ವಿಡಿಮ್-ಎನ್ ಕೂಡ ಹಂಗೆ, ಕರೆಂಟ್ ಹೋದಾಗ ‘ಈಗ ಉಳಿಸು’ ಅನ್ನೋ ಸೂಚನೆ ಬೋರ್ಡಿನಿಂದ ಬರಬೇಕು. ಮನೆ ಬಳಕೆಯ ಬೋರ್ಡಿನಲ್ಲಿ ಆ ವ್ಯವಸ್ಥೆ ಇಲ್ಲ.

ಹರಿಹರ_64ಬಿಟ್

ಚೀಟಿಯ ವಿಷಯಕ್ಕೆ ಬರೋಣ, ಮುಖ್ಯವಾದದ್ದು ಅದೇ. ಎಫ್‌ಫ್ಲಶ್ ಮಾಡುವುದು ಸಿ ಲೈಬ್ರರಿಯ ಬಫರ್‌ನಿಂದ ಆಪರೇಟಿಂಗ್ ಸಿಸ್ಟಮ್‌ಗೆ ದಾಟಿಸುವ ಕೆಲಸ ಮಾತ್ರ. ಅಲ್ಲಿಂದ ಡಿಸ್ಕ್‌ಗೆ ಯಾವಾಗ ಬರೆಯುವುದು ಎಂದು ಸಿಸ್ಟಮ್ ತನ್ನ ಪುರುಸೊತ್ತಿನಲ್ಲಿ ನೋಡಿಕೊಳ್ಳುತ್ತದೆ. ಲಿನಕ್ಸ್‌ನಲ್ಲಿ ಅದು ಮಾಮೂಲಿಯಾಗಿ 30 ಸೆಕೆಂಡ್‌ವರೆಗೆ ಹೋಗಬಹುದು. ಕೊನೆಯ ಒಂದೆರಡು ಚೀಟಿ ಮಾತ್ರ ಕಾಣೆಯಾಗುವುದು ಇದರಿಂದಲೇ. ವಿಂಡೋಸ್‌ನಲ್ಲಿ ಫ್ಲಶ್‌ಫೈಲ್‌ಬಫರ್ಸ್ ಅಥವಾ _ಕಮಿಟ್, ಲಿನಕ್ಸ್‌ನಲ್ಲಿ ಎಫ್‌ಸಿಂಕ್ ಕರೆಯಬೇಕು, ಅದು ಸರಿಯಾಗಿ ಮುಗಿಯಿತೇ ಎಂದು ಅದರ ಉತ್ತರವನ್ನೂ ನೋಡಬೇಕು.

ಕೈಯಿಂದ ಬರೆಯುವುದಕ್ಕಿಂತ ಎಸ್‌ಕ್ಯೂಲೈಟ್ ಎಂಬ ಸಣ್ಣ ಡೇಟಾಬೇಸ್ ಒಳ್ಳೆಯದು. ವಾಲ್ ಮೋಡ್ (ಬದಲಾವಣೆಯನ್ನು ಮೊದಲು ಲಾಗ್ ಫೈಲಿಗೆ ಬರೆಯುವ ರೀತಿ) ಇಟ್ಟುಕೊಂಡರೆ ಸಿಂಕ್ರೊನಸ್ ಅನ್ನು ಫುಲ್ ಮಾಡಿ. ನಾರ್ಮಲ್‌ನಲ್ಲಿ ಡೇಟಾಬೇಸ್ ಕೆಡುವುದಿಲ್ಲ, ಆದರೆ ಕರೆಂಟ್ ಹೋದಾಗ ಕೊನೆಯ ಕಮಿಟ್‌ಗಳು ಹೋಗಬಹುದು. ಅಂದರೆ ನಿಮ್ಮ ಈಗಿನ ತೊಂದರೆಯೇ ಮತ್ತೆ. ಚೀಟಿ ನಂಬರಿಗೆ ಯೂನಿಕ್ ನಿಯಮ ಹಾಕಿ.

ಇನ್ನು ಪ್ರಿಂಟರ್. ನಂಬರ್ ಕೊಡಿ, ಕಮಿಟ್ ಮಾಡಿ, ಕಮಿಟ್ ಯಶಸ್ವಿ ಎಂದು ಬಂದ ಮೇಲಷ್ಟೇ ಪ್ರಿಂಟ್. ಪ್ರಿಂಟ್ ಆಗುವ ಹೊತ್ತಿಗೆ ಕರೆಂಟ್ ಹೋದರೆ ನಷ್ಟವಿಲ್ಲ, ದಾಖಲೆ ಇರುತ್ತದೆ, ‘ನಕಲು’ ಎಂದು ಇನ್ನೊಂದು ತೆಗೆಯಬಹುದು. ಈಗ ನಿಮ್ಮಲ್ಲಿ ನಡೆಯುತ್ತಿರುವುದು ಉಲ್ಟಾ, ಕಾಗದ ಗಟ್ಟಿ, ಲೆಕ್ಕ ಗಾಳಿಯಲ್ಲಿ. ರೈತನಿಗೂ ಅಡತಿಯವರಿಗೂ ಜಗಳ ಹತ್ತುವುದು ಅಲ್ಲಿಂದಲೇ.

ನಿಧಾನ ಆಗುತ್ತದೆಯೇ ಎಂಬ ಚಿಂತೆ ಬೇಡ. 7200 ಆರ್‌ಪಿಎಂ ಡಿಸ್ಕ್ ಒಂದು ಸುತ್ತಿಗೆ 8.3 ಮಿಲಿಸೆಕೆಂಡ್ ತೆಗೆದುಕೊಳ್ಳುತ್ತದೆ, ಒಂದು ಕಮಿಟ್‌ಗೆ ಅಂಥ ಕೆಲವು ಸುತ್ತು. ಎರಡು ಲಾರಿಗಳ ನಡುವೆ ನಿಮಿಷಗಳೇ ಇವೆ. ಪರ್ಸಿಸ್ಟೆಂಟ್ ಮೆಮೊರಿ ಉಳಿಸಿಕೊಡುವುದು ಮೈಕ್ರೋಸೆಕೆಂಡ್‌ಗಳನ್ನು, ವೇಬ್ರಿಡ್ಜ್‌ಗೆ ಅದರ ಹಂಗೇ ಇಲ್ಲ. ಇನ್ನೂ ಬೇಗ ಬೇಕಿದ್ದರೆ ಇರುವ 16 ಜಿಬಿ ಆಪ್ಟೇನನ್ನು ಮಾಮೂಲಿಯಾಗಿ ಫಾರ್ಮ್ಯಾಟ್ ಮಾಡಿ ಎಸ್‌ಕ್ಯೂಲೈಟ್ ಫೈಲನ್ನು ಅಲ್ಲಿಡಿ. ಸಣ್ಣ ಸಣ್ಣ ಬರಹಕ್ಕೆ ಅದು ಬಹಳ ಚೆನ್ನ. ದಿನಕ್ಕೊಮ್ಮೆ ಹಾರ್ಡ್ ಡಿಸ್ಕ್‌ಗೆ ಬ್ಯಾಕಪ್ ಇರಲಿ.

ಡಿವೈಸ್ ಮ್ಯಾನೇಜರ್‌ನಲ್ಲಿ ಡಿಸ್ಕ್ ಪ್ರಾಪರ್ಟೀಸ್, ಪಾಲಿಸೀಸ್ ತೆರೆಯಿರಿ. ‘ರೈಟ್ ಕ್ಯಾಶ್ ಬಫರ್ ಫ್ಲಶಿಂಗ್ ಆಫ್ ಮಾಡು’ ಎಂಬ ಎರಡನೇ ಚೌಕದಲ್ಲಿ ಟಿಕ್ ಇದ್ದರೆ ತೆಗೆಯಿರಿ. ವೇಗಕ್ಕೆಂದು ಯಾರೋ ಹಾಕಿರುತ್ತಾರೆ. ಅದಿದ್ದರೆ ಎಸ್‌ಕ್ಯೂಲೈಟ್ ಎಷ್ಟು ಕೇಳಿಕೊಂಡರೂ ಡಿಸ್ಕ್‌ಗೆ ಫ್ಲಶ್ ಆದೇಶವೇ ತಲುಪುವುದಿಲ್ಲ.

ಕೋಟೆ_ಕರ್ನಲ್

ಯುಪಿಎಸ್ ಕೂಡ ಇಡಿ. 600 ವಿಎ, 12 ವೋಲ್ಟ್ 7 ಎಎಚ್ ಬ್ಯಾಟರಿಯದು ಈ ಮಶೀನ್ ಮತ್ತು ಒಂದು ಮಾನಿಟರ್‌ಗೆ ಹತ್ತು ನಿಮಿಷ ಸಾಕಷ್ಟು ಎಳೆಯುತ್ತದೆ. ತೂಕದ ಇಂಡಿಕೇಟರ್‌ಗೂ ಅದರಿಂದಲೇ ಕರೆಂಟ್ ಕೊಡಿ. ಇಲ್ಲದಿದ್ದರೆ ಕಂಪ್ಯೂಟರ್ ಜೀವಂತ, ಸೀರಿಯಲ್ ಕೇಬಲ್‌ನಲ್ಲಿ ಅರ್ಧ ಸಾಲು ಬಂದು ನಿಂತಿರುತ್ತದೆ. ಸಾಲಿನ ಕೊನೆಯ ಗುರುತು ಬಾರದ ತೂಕವನ್ನು ಪ್ರೋಗ್ರಾಮ್ ತೆಗೆದುಕೊಳ್ಳಬಾರದು. ಲೇಸರ್ ಪ್ರಿಂಟರ್ ಯುಪಿಎಸ್ ಮೇಲೆ ಬೇಡ, ಬಿಸಿಯಾಗುವಾಗ ಒಮ್ಮೆಲೇ ಎಳೆಯುವ ಕರೆಂಟ್‌ಗೆ 600 ವಿಎ ಟ್ರಿಪ್ ಆಗುತ್ತದೆ.

ಪ್ರಯೋಗ ಮುಗಿದ ಮೇಲೆ ಮೆಮ್‌ಮ್ಯಾಪ್ ತೆಗೆಯುವಾಗ ಎಫ್‌ಸ್ಟ್ಯಾಬ್‌ನಲ್ಲಿ (ಬೂಟ್ ಆಗುವಾಗ ಮೌಂಟ್ ಮಾಡುವ ಡಿಸ್ಕ್‌ಗಳ ಪಟ್ಟಿ) ಪಿಮೆಮ್0 ಸಾಲು ಇದ್ದರೆ ಮೊದಲು ಅದನ್ನು ಅಳಿಸಿ, ಆಮೇಲೆ ಗ್ರಬ್ ಬದಲಿಸಿ ರೀಬೂಟ್ ಮಾಡಿ. ಮರೆತರೆ ಬೂಟ್ ಆಗುವಾಗ ಆ ಡಿಸ್ಕ್‌ಗಾಗಿ ಒಂದೂವರೆ ನಿಮಿಷ ಕಾದು ಎಮರ್ಜೆನ್ಸಿ ಮೋಡ್‌ಗೆ ಬೀಳುತ್ತದೆ. ಬಿದ್ದರೆ ಎಂಟರ್ ಒತ್ತಿ (ರೂಟ್ ಪಾಸ್‌ವರ್ಡ್ ಇಟ್ಟಿದ್ದರೆ ಅದನ್ನು ಕೊಟ್ಟು) ನ್ಯಾನೊ ಎಡಿಟರ್‌ನಲ್ಲಿ ಆ ಸಾಲಿನ ಮುಂದೆ ಹ್ಯಾಶ್ ಗುರುತು ಹಾಕಿ ರೀಬೂಟ್ ಮಾಡಿ, ಬರುತ್ತದೆ.